‘ತಕ್ಕದ್ದು’ ಮತ್ತು ‘ಬಹುದು’



ಕೃಷಿ ಮಾರುಕಟ್ಟೆಯ ಕಾನೂನನ್ನು ಕುರಿತು ಮಾತನಾಡಲು ಕನ್ನಡದ ಮೇಷ್ಟರೊಬ್ಬನಿಗೆ ಏನು ಅಧಿಕಾರ ಎಂದು ನಿಮ್ಮಲ್ಲಿ ಕೆಲವರಾದರೂ ಕೇಳಿಕೊಳ್ಳುತ್ತಿರಬೇಕು. ಪ್ರಶ್ನೆ ನ್ಯಾಯವಾದದ್ದೇ. ನಾನು ಕಾನೂನು ಓದಿದವನಲ್ಲ. ಎಂ.ಎ. ಪದವಿಗೆ ಓದಿದ್ದು ಪಂಪನನ್ನು, ಕೇಶಿರಾಜನನ್ನು. ಮೂವತ್ತು ವರ್ಷಕ್ಕೂ ಮೇಲ್ಪಟ್ಟು ಪಾಠ ಹೇಳಿದ್ದೂ ಅವರನ್ನೇ. ಆದರೆ ಸರ್ಕಾರದ ಅಧಿಕಾರಕ್ಕೆ ಹಾಕಿದ ಎಲ್ಲೆ ಕೆಲವೊಮ್ಮೆ ಕ್ರಿಯಾಪದದ ತುದಿಯಲ್ಲಿರುವ ಎರಡು ಮೂರು ಅಕ್ಷರಗಳಲ್ಲಿ ಅಡಗಿರುತ್ತದೆ ಎಂಬುದನ್ನು ನಾನು ನನ್ನದೇ ತಪ್ಪಿನಿಂದ ಕಲಿತೆ. ಆ ತಪ್ಪಿನಿಂದಲೇ ಆರಂಭಿಸುತ್ತೇನೆ.

ಸುಮಾರು ಮೂವತ್ತು ವರ್ಷಗಳ ಹಿಂದಿನ ಮಾತು. ನಾನು ಕೆಲಸದಲ್ಲಿದ್ದ ಊರಿನ ಮಾರುಕಟ್ಟೆ ಸಮಿತಿಯವರು ತಮ್ಮ ಉಪವಿಧಿಗಳನ್ನು ಇಂಗ್ಲಿಷಿನಿಂದ ಕನ್ನಡಕ್ಕೆ ಮಾಡಿಸಿ, ‘ಭಾಷೆಯನ್ನು ಒಮ್ಮೆ ನೋಡಿಕೊಡಿ’ ಎಂದು ನನ್ನಲ್ಲಿಗೆ ಕಳುಹಿಸಿದರು. ಅನುವಾದ ಒರಟಾಗಿತ್ತು. ಒಂದೇ ಪುಟದಲ್ಲಿ ‘ತಕ್ಕದ್ದು’ ಎಂಬ ಪದ ಹದಿನಾಲ್ಕು ಸಲ ಬಂದಿತ್ತು: ನೀಡತಕ್ಕದ್ದು, ಪಡೆಯತಕ್ಕದ್ದು, ತೂಗತಕ್ಕದ್ದು, ಪ್ರಕಟಿಸತಕ್ಕದ್ದು. ಗದ್ಯದ ಲಯ, ವಾಕ್ಯದ ಬೆಡಗು ಎಂದು ವಿದ್ಯಾರ್ಥಿಗಳಿಗೆ ಬೋಧಿಸುತ್ತಿದ್ದ ನನಗೆ ಅದನ್ನು ಓದುವಾಗ ಕಲ್ಲುಹಾದಿಯಲ್ಲಿ ಗಾಡಿ ಹೋದಂತಾಯಿತು. ಕೆಂಪು ಶಾಯಿಯ ಪೆನ್ನು ಹಿಡಿದು ಕೆಲವು ಕಡೆ ‘ನೀಡುವುದು’ ಎಂದೆ, ಕೆಲವು ಕಡೆ ‘ಪಡೆಯಬೇಕು’ ಎಂದೆ, ಎರಡು ಮೂರು ಕಡೆ, ವೈವಿಧ್ಯಕ್ಕಾಗಿ, ‘ಬಹುದು’ ಎಂದೆ. ಓದಿದರೆ ಹಾಯಾಗಿತ್ತು. ನನ್ನ ಕೆಲಸಕ್ಕೆ ನಾನೇ ಮೆಚ್ಚಿ ಕಳುಹಿಸಿಕೊಟ್ಟೆ.

ಅರ್ಥ ಸರಿಯಾಗಿದೆಯೇ ಎಂದು ನೋಡುವ ಹೊಣೆಯನ್ನು ಸಮಿತಿಯವರು ನಮ್ಮ ಬೀದಿಯಲ್ಲೇ ಇದ್ದ, ನ್ಯಾಯಾಲಯದಲ್ಲಿ ಶಿರಸ್ತೇದಾರರಾಗಿ ನಿವೃತ್ತರಾದ ಹಿರಿಯರೊಬ್ಬರಿಗೆ ವಹಿಸಿದ್ದರು. ಮರುದಿನ ಸಂಜೆ ದೀಪ ಹಚ್ಚುವ ಹೊತ್ತಿಗೆ ಅವರು ಆ ಹಾಳೆಗಳನ್ನು ಹಿಡಿದು ನಮ್ಮ ಜಗಲಿಗೆ ಬಂದರು. ಕನ್ನಡಕವನ್ನು ಹಣೆಗೇರಿಸಿ, ಒಂದು ಸಾಲಿನ ಕೆಳಗೆ ಬೆರಳಿಟ್ಟು ಕೇಳಿದರು: “ಮೇಷ್ಟ್ರೇ, ಇಲ್ಲಿ ಏನು ಮಾಡಿದ್ದೀರಿ ನೋಡಿ. ‘ಪ್ರಕಟಿಸಬಹುದು’ ಅಂದಿದ್ದೀರಿ. ಹಾಗಾದರೆ ಪ್ರಕಟಿಸದೆ ಇದ್ದರೂ ಆಯಿತು ಅಂತಲೋ?”

ವಾಕ್ಯ ಸೊಗಸಾಗಲಿ ಎಂದು ಮಾಡಿದೆ ಎಂದೆ. ಅವರು ನಗಲಿಲ್ಲ. “ನೀವು ಸೊಗಸು ನೋಡಿದಿರಿ. ಇದರಿಂದ ದಂಡ ಬೀಳುವವನು ಯಾರು ಅಂತ ನೋಡಲಿಲ್ಲ” ಎಂದರು.

ನನಗೆ ನಾಚಿಕೆಯಾಯಿತು. ಆ ರಾತ್ರಿ ನಿಘಂಟು ತೆಗೆದು ಕುಳಿತೆ. ‘ತಗು’ ಎಂಬ ಹಳಗನ್ನಡ ಧಾತುವಿಗೆ ಯೋಗ್ಯವಾಗು, ಒಪ್ಪುವಂತಿರು ಎಂದು ಅರ್ಥ. ‘ತಕ್ಕ’ ಅದರ ಕೃದಂತ; ‘ತಕ್ಕದ್ದು’ ಎಂದರೆ ಯೋಗ್ಯವಾದದ್ದು. ಕಾನೂನಿನ ಕನ್ನಡದಲ್ಲಿ ಅದು ಇಂಗ್ಲಿಷಿನ ‘ಶಲ್’ ಎಂಬುದರ ಭಾರ ಹೊತ್ತು, ಯೋಗ್ಯತೆಯಿಂದ ಕಟ್ಟಳೆಗೆ ಏರಿತು. ‘ಬಹುದು’ ಎಂಬುದರ ಮೂಲ ‘ಬರ್’ ಧಾತು. ಬರುವುದು, ಆದರೆ ಆಗುವುದು, ಬಂದರೆ ಬಂತು. ಒಂದು ಕಟ್ಟುತ್ತದೆ, ಇನ್ನೊಂದು ಬಿಡುತ್ತದೆ. ‘ತಕ್ಕಡಿ’ಗೂ ‘ತಕ್ಕದ್ದು’ಗೂ ನೆಂಟಸ್ತನ ಹಚ್ಚುವ ಆಸೆ ಆ ರಾತ್ರಿ ಬಂದದ್ದುಂಟು. ನಾದ ಒಂದೇ ಇದ್ದ ಮಾತ್ರಕ್ಕೆ ಕುಲ ಕೂಡಿಸುವ ವಿದ್ವಾಂಸರ ಗುಂಪಿಗೆ ಸೇರಬಾರದೆಂದು ಸುಮ್ಮನಾದೆ.

ಇಷ್ಟಕ್ಕೂ ಮಾರುಕಟ್ಟೆಯ ಮೇಲೆ ಸರ್ಕಾರಕ್ಕೆ ಅಧಿಕಾರ ಏಕೆ ಬೇಕಾಯಿತು ಎಂಬುದನ್ನು ಮರೆಯುವಂತಿಲ್ಲ. ಹಳೆಯ ಸಂತೆಯ ವ್ಯಾಪಾರವನ್ನು ಕಂಡವರಿಗೆ ಗೊತ್ತು: ದಲಾಲಿಯೂ ಕೊಳ್ಳುವವನೂ ಟವೆಲ್ಲಿನ ಮರೆಯಲ್ಲಿ ಬೆರಳು ಹಿಡಿದು ಬೆಲೆ ಕಟ್ಟುತ್ತಿದ್ದರು, ಮಾಲಿನ ಒಡೆಯ ಪಕ್ಕದಲ್ಲಿ ನಿಂತು ಆ ಬಟ್ಟೆಯ ಅಲುಗಾಟವನ್ನಷ್ಟೇ ನೋಡುತ್ತಿದ್ದ. ತೂಕದಲ್ಲಿ ಕಳೆದದ್ದು, ದೇವರ ಹೆಸರಿನಲ್ಲಿ ಕಳೆದದ್ದು, ಹಮಾಲಿಗೆ ಕಳೆದದ್ದು, ಎಲ್ಲ ಹೋಗಿ ಕೈಗೆ ಬಂದದ್ದೇ ಬೆಲೆ. ಈ ಅನ್ಯಾಯವನ್ನು ತಡೆಯುವುದಕ್ಕೆ ಬೀರಾರಿನ ಹತ್ತಿಯ ಮಾರುಕಟ್ಟೆಗಳಿಗೆ 1897ರಲ್ಲೇ ಒಂದು ಕಾನೂನು ಬಂತು. 1928ರಲ್ಲಿ ರಾಯಲ್ ಕೃಷಿ ಆಯೋಗ ನಿಯಂತ್ರಿತ ಮಾರುಕಟ್ಟೆಗಳನ್ನು ಶಿಫಾರಸು ಮಾಡಿತು. ಕನ್ನಡ ನಾಡು ಆಗ ಹಲವು ಆಡಳಿತಗಳಲ್ಲಿ ಹರಿದು ಹಂಚಿಹೋಗಿತ್ತಷ್ಟೆ. ಮದ್ರಾಸಿನ ಭಾಗಕ್ಕೆ 1933ರ ಕಾಯಿದೆ, ಮುಂಬಯಿಯ ಭಾಗಕ್ಕೆ 1939ರದು, ಮೈಸೂರಿಗೆ ಅದೇ 1939ರಲ್ಲಿ ತನ್ನದೇ ಒಂದು. ಹೈದರಾಬಾದಿಗೂ ಕೊಡಗಿಗೂ ಬೇರೆ ಬೇರೆ. ಏಕೀಕರಣದ ಬಳಿಕ ಈ ಐದನ್ನೂ ಸೇರಿಸಿ 1966ರ ಕಾಯಿದೆ ಆಯಿತು. 1968ರಲ್ಲಿ ಜಾರಿಗೆ ಬಂತು. 2020ರಲ್ಲಿ ಕೇಂದ್ರವು ಮಾಡಿ 2021ರಲ್ಲಿ ಹಿಂತೆಗೆದುಕೊಂಡ ಕೃಷಿ ಕಾಯಿದೆಗಳ ವಿವಾದ ನಿಮಗೆ ನೆನಪಿದೆ. ಮಾರುಕಟ್ಟೆ ಪ್ರಾಂಗಣ ಇರಬೇಕೋ ಬೇಡವೋ ಎಂಬ ಆ ವಾದಕ್ಕೆ ನಾನು ಇಂದು ಹೋಗುವುದಿಲ್ಲ. ಇರುವುದಾದರೆ, ಅದನ್ನು ಆಳುವವನು ಎಲ್ಲಿಯವರೆಗೆ ಆಳಬಹುದು ಎಂಬುದಷ್ಟೇ ನನ್ನ ಮಾತು.

ಶಾಸನಸಭೆ ಪ್ರತಿಯೊಂದು ಬೆಳೆಗೂ ಪ್ರತಿಯೊಂದು ತಾಲ್ಲೂಕಿಗೂ ಕುಳಿತು ಕಾನೂನು ಮಾಡಲಾರದು. ಆದ್ದರಿಂದ ಚೌಕಟ್ಟನ್ನು ತಾನು ಕಟ್ಟಿ, ಯಾವ ಬೆಳೆ, ಯಾವ ಪ್ರದೇಶ, ಎಷ್ಟು ಶುಲ್ಕ ಎಂಬುದನ್ನು ಸರ್ಕಾರಕ್ಕೆ ಬಿಡುತ್ತದೆ. ಸರ್ಕಾರ ತನ್ನ ನಿರ್ದೇಶಕನಿಗೆ, ಮಾರುಕಟ್ಟೆ ಸಮಿತಿಗೆ ಬಿಡುತ್ತದೆ. ಇದಕ್ಕೆ ನಮ್ಮ ಆಡಳಿತದ ಕನ್ನಡದಲ್ಲಿ ‘ಪ್ರತ್ಯಾಯೋಜನೆ’ ಎನ್ನುತ್ತಾರೆ. ಆ ಪದವನ್ನು ಉಚ್ಚರಿಸುವಷ್ಟರಲ್ಲಿ ಅಧಿಕಾರ ಇನ್ನೂ ಒಂದು ಮೆಟ್ಟಿಲು ಕೆಳಗಿಳಿದಿರುತ್ತದೆ. ನಮ್ಮ ಹಳ್ಳಿಯವರಿಗೆ ಇದು ಹೊಸದೇನಲ್ಲ. ಹೊಲವನ್ನು ವಾರಕ್ಕೆ ಕೊಟ್ಟವನು ಉಳುವ ಹಕ್ಕನ್ನು ಕೊಡುತ್ತಾನೆ, ಬಿತ್ತುವ ಹಕ್ಕನ್ನು ಕೊಡುತ್ತಾನೆ. ಬದು ಸರಿಸುವ ಹಕ್ಕನ್ನು ಕೊಡುವುದಿಲ್ಲ. 1951ರಲ್ಲಿ ದೆಹಲಿ ಕಾನೂನುಗಳ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ನ್ಯಾಯಾಧೀಶರು ನೂರಾರು ಪುಟಗಳಲ್ಲಿ ಚರ್ಚಿಸಿದ್ದರ ತಿರುಳೂ ಹೆಚ್ಚುಕಡಿಮೆ ಇದೇ: ಶಾಸನಸಭೆ ವಿವರಗಳನ್ನು ಬಿಟ್ಟುಕೊಡಬಹುದು, ನೀತಿಯನ್ನು ನಿರ್ಣಯಿಸುವ ತನ್ನ ಮುಖ್ಯ ಕರ್ತವ್ಯವನ್ನೇ ಬಿಟ್ಟುಕೊಡುವಂತಿಲ್ಲ.

ಜಗಲಿಯ ಮೇಲೆ ಕುಳಿತು ಶಿರಸ್ತೇದಾರರು ಆ ಸಂಜೆ ನನಗೆ ಹೇಳಿದ್ದು ಗುಜರಾತಿನ ಗೋಧ್ರಾ ಎಂಬ ಊರಿನ ಶುಂಠಿಯ ಕಥೆ. ಆಮೇಲೆ ನಾನೇ ಆ ತೀರ್ಪನ್ನು ತರಿಸಿ ಓದಿದೆ. ಗೋಧ್ರಾದ ಮಾರುಕಟ್ಟೆ ಪ್ರದೇಶದಲ್ಲಿ ಮೊದಲೇ ಕೆಲವು ಬೆಳೆಗಳ ವ್ಯಾಪಾರ ನಿಯಂತ್ರಣಕ್ಕೆ ಒಳಪಟ್ಟಿತ್ತು. 1968ರಲ್ಲಿ ಅಧಿಸೂಚನೆಯೊಂದರ ಮೂಲಕ ಶುಂಠಿಯನ್ನೂ ಆ ಪಟ್ಟಿಗೆ ಸೇರಿಸಿದರು. ಮರುವರ್ಷ ಒಬ್ಬ ವರ್ತಕ ಪರವಾನಗಿಯಿಲ್ಲದೆ ಶುಂಠಿ ಕೊಂಡನೆಂದು ಮಾರುಕಟ್ಟೆ ಸಮಿತಿ ಅವನ ಮೇಲೆ ಮೊಕದ್ದಮೆ ಹೂಡಿತು. ಕೆಳಗಿನ ನ್ಯಾಯಾಲಯ ಬಿಡುಗಡೆ ಮಾಡಿತು, ಉಚ್ಚ ನ್ಯಾಯಾಲಯ ಶಿಕ್ಷಿಸಿತು. ವ್ಯಾಜ್ಯ ದೆಹಲಿಗೆ ಹೋಯಿತು.

ಗುಜರಾತಿನ ಆ ಕಾಯಿದೆಯಲ್ಲಿ ಒಂದು ಸಾಲಿತ್ತು. ಅಧಿಸೂಚನೆಯನ್ನು ರಾಜ್ಯಪತ್ರದಲ್ಲಿ ಪ್ರಕಟಿಸಿದರೆ ಸಾಲದು. ಆ ಪ್ರದೇಶದಲ್ಲಿ ಪ್ರಸಾರವಿರುವ ವೃತ್ತಪತ್ರಿಕೆಯೊಂದರಲ್ಲಿ ಗುಜರಾತಿ ಭಾಷೆಯಲ್ಲಿ ಸಹ ಪ್ರಕಟಿಸತಕ್ಕದ್ದು. ಶುಂಠಿಯ ಅಧಿಸೂಚನೆ ರಾಜ್ಯಪತ್ರದಲ್ಲಿ ಬಂದಿತ್ತು, ಪತ್ರಿಕೆಯಲ್ಲಿ ಬಂದಿರಲಿಲ್ಲ. ಸಮಿತಿಯ ಪರವಾಗಿ ಎರಡು ವಾದ ಹೂಡಿದರು. ಮೊದಲ ಸಲ ಮಾರುಕಟ್ಟೆಯನ್ನು ಸ್ಥಾಪಿಸುವಾಗ ಈ ವಿಧಿ ಬೇಕು, ಆಮೇಲೆ ಒಂದು ಬೆಳೆಯನ್ನು ಸೇರಿಸುವುದಕ್ಕೆ ಬೇಡ ಎಂಬುದು ಒಂದು. ಈ ‘ತಕ್ಕದ್ದು’ ನಿಜವಾದ ಕಟ್ಟಳೆಯಲ್ಲ, ಒಂದು ಸೂಚನೆ ಮಾತ್ರ, ತಪ್ಪಿದರೂ ಅಧಿಸೂಚನೆ ಕೆಡುವುದಿಲ್ಲ ಎಂಬುದು ಇನ್ನೊಂದು. ನನ್ನ ಕೆಂಪು ಶಾಯಿಯ ಪೆನ್ನು ಮಾಡಿದ್ದನ್ನೇ ಅಲ್ಲಿ ವಕೀಲರು ಬಾಯಿಮಾತಿನಲ್ಲಿ ಮಾಡಲು ಹೊರಟಿದ್ದರು.

1975ರಲ್ಲಿ ಸರ್ವೋಚ್ಚ ನ್ಯಾಯಾಲಯ ಎರಡನ್ನೂ ಒಪ್ಪಲಿಲ್ಲ. ತೀರ್ಪು ಬರೆದವರು ಮುಂದೆ ಮುಖ್ಯ ನ್ಯಾಯಮೂರ್ತಿಗಳಾದ ವೈ. ವಿ. ಚಂದ್ರಚೂಡರು. ಬೆಳೆ ಬೆಳೆಯುವವನೂ ಕೊಳ್ಳುವವನೂ ರಾಜ್ಯಪತ್ರವನ್ನು ಓದುವವರಲ್ಲ. ಆದ್ದರಿಂದಲೇ ಶಾಸನಸಭೆ ಪತ್ರಿಕೆಯನ್ನೂ ಭಾಷೆಯನ್ನೂ ಹೆಸರಿಸಿ ಹೇಳಿದೆ. ಅವರ ಆಕ್ಷೇಪಣೆ, ಸಲಹೆಗಳನ್ನು ಕೇಳಬೇಕೆಂದೂ ಹೇಳಿದೆ. ವಿಷಯವೇ ತಿಳಿಯದವನು ಏನೆಂದು ಆಕ್ಷೇಪಿಸಬೇಕು? ಮೇಲಾಗಿ ಈ ಕಟ್ಟಳೆಯನ್ನು ಮೀರಿದವನಿಗೆ ದಂಡವಿದೆ. ದಂಡ ಕಾದಿರುವ ಕಡೆ ತಿಳಿಸುವ ಕ್ರಮವನ್ನು ಅಧಿಕಾರಿಯ ಇಷ್ಟಕ್ಕೆ ಬಿಟ್ಟಿದೆ ಎಂದು ಓದಲಾಗದು. ಒಂದೇ ಒಂದು ಬೆಳೆಯನ್ನು ಸೇರಿಸುವಾಗಲೂ ಅದೇ ಕ್ರಮ. ಹೀಗೆ ವಿಚಾರ ಮಾಡಿ ನ್ಯಾಯಾಲಯವು ಶುಂಠಿಯ ಅಧಿಸೂಚನೆ ಊರ್ಜಿತವಲ್ಲವೆಂದು ಹೇಳಿ ವರ್ತಕನನ್ನು ಬಿಡುಗಡೆ ಮಾಡಿತು.

ಇದಕ್ಕೂ ಹಿಂದೆ, 1951ರಲ್ಲೇ, ಜೈಪುರದ ಅಫೀಮಿನ ಪ್ರಕರಣವೊಂದು ಬಂದಿತ್ತು. ಜೈಪುರ ಸಂಸ್ಥಾನದ ಮಂತ್ರಿಮಂಡಲ 1923ರಲ್ಲಿ ಒಂದು ಅಫೀಮು ಕಾನೂನನ್ನು ಠರಾವು ಮಾಡಿ, ಯಾರಿಗೂ ತಿಳಿಸದೆ ಕಡತದಲ್ಲಿಟ್ಟಿತ್ತು. ಅದರ ಕೆಳಗೆ ಒಬ್ಬನಿಗೆ ಐವತ್ತು ರೂಪಾಯಿ ದಂಡ ಬಿತ್ತು. ಬೀರುವಿನಲ್ಲಿ ಮಲಗಿದ್ದ ಕಾಗದ ಕಾನೂನಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಅವನನ್ನು ಬಿಟ್ಟಿತು. 1987ರಲ್ಲಿ ನಮ್ಮ ಬೆಂಗಳೂರಿನದೇ ಒಂದು ವ್ಯಾಜ್ಯದಲ್ಲಿ, ಅದು ನಗರ ಯೋಜನೆಗೆ ಸಂಬಂಧಿಸಿದ್ದು, ನ್ಯಾಯಮೂರ್ತಿ ಚಿನ್ನಪ್ಪ ರೆಡ್ಡಿಯವರು ಇದರ ಕಾರಣವನ್ನು ಬಿಡಿಸಿ ಹೇಳಿದರು. ಶಾಸನಸಭೆಯ ಕಾನೂನು ನಾಲ್ಕು ಜನರ ಎದುರು, ಚರ್ಚೆಯ ನಡುವೆ ಹುಟ್ಟುತ್ತದೆ. ಅಧೀನ ಶಾಸನವಾದರೋ ಕಚೇರಿಯ ಕೋಣೆಯಲ್ಲಿ ಸದ್ದಿಲ್ಲದೆ ಹುಟ್ಟುತ್ತದೆ. ಆದ್ದರಿಂದ ಅದನ್ನು ಸಾರಿ ಹೇಳುವುದು ಇನ್ನಷ್ಟು ಅಗತ್ಯ ಎಂಬುದು ಅವರ ಅಭಿಪ್ರಾಯ.

ನನ್ನ ಮನಸ್ಸು ಇಲ್ಲಿ ಪೂರ್ತಿ ಸಮಾಧಾನಗೊಳ್ಳುವುದಿಲ್ಲ ಎಂಬುದನ್ನೂ ಹೇಳಬೇಕು. ಕಾನೂನು ಮಾಡಿದ್ದು ಬೆಳೆಗಾರನ ರಕ್ಷಣೆಗೆ. ಅಧಿಸೂಚನೆ ಬಿದ್ದುಹೋದಾಗ ಗೆದ್ದವನು ವರ್ತಕ. ಗೋಧ್ರಾದ ಸುತ್ತಿನಲ್ಲಿ ಶುಂಠಿ ಅಗೆದವನಿಗೆ ಇದರಿಂದ ಏನು ದಕ್ಕಿತು? ಶಿರಸ್ತೇದಾರರನ್ನು ಹೀಗೆಯೇ ಕೇಳಿದ್ದೆ. “ಅವನಿಗೆ ದಕ್ಕಬೇಕಾಗಿದ್ದದ್ದನ್ನು ತಪ್ಪಿಸಿದವರು ನ್ಯಾಯಾಧೀಶರೋ, ಪತ್ರಿಕೆಯಲ್ಲಿ ಹತ್ತು ಸಾಲು ಹಾಕಿಸದೆ ಕೈಕಟ್ಟಿ ಕುಳಿತವರೋ?” ಎಂದು ಅವರು ಮರುಪ್ರಶ್ನೆ ಹಾಕಿದರು. ಅದು ಉತ್ತರವೇ ಹೌದು. ಆದರೂ ಆ ಬೆಳೆಗಾರನ ಮುಖ ನನ್ನ ಕಣ್ಣಿಂದ ಮರೆಯಾಗುವುದಿಲ್ಲ. ಏಕೆಂದರೆ ಅಂಥ ಮುಖವೊಂದನ್ನು ನಾನು ಕಂಡಿದ್ದೆ.

ನಾನು ಎಂ.ಎ. ಓದುತ್ತಿದ್ದ ಕಾಲ. ರಜಕ್ಕೆ ಊರಿಗೆ ಹೋದಾಗ ನಮ್ಮ ಚಿಕ್ಕಪ್ಪ ನಡುಮನೆಯಲ್ಲಿ ಹುಣಸೆಹಣ್ಣಿನ ಮೂಟೆಗಳ ಮಧ್ಯೆ ಕುಳಿತಿದ್ದರು. ನಮ್ಮದು ಬಯಲುಸೀಮೆ, ಮಳೆ ಕೈಕೊಟ್ಟ ವರ್ಷ ಹೊಲದ ಬದುವಿನ ನಾಲ್ಕು ಹುಣಸೆಮರಗಳೇ ಮನೆ ನಡೆಸುತ್ತಿದ್ದವು. ವರ್ಷವರ್ಷವೂ ಪಕ್ಕದ ಊರಿನ ಸಣ್ಣ ವ್ಯಾಪಾರಿ ಗಾಡಿ ತಂದು ಮನೆಬಾಗಿಲಲ್ಲೇ ತೂಗಿಸಿ, ಹಣ ಎಣಿಸಿ ಕೊಂಡೊಯ್ಯುತ್ತಿದ್ದ. ಆ ವರ್ಷ ಅವನು ಬರಲಿಲ್ಲ. ಹುಣಸೆಹಣ್ಣನ್ನೂ ಪಟ್ಟಿಗೆ ಸೇರಿಸಿದ್ದಾರೆ, ಪರವಾನಗಿಯಿಲ್ಲದೆ ಕೊಂಡದ್ದಕ್ಕೆ ನೋಟೀಸು ಬಂದಿದೆ, ಇನ್ನು ನನ್ನಿಂದಾಗದು ಎಂದು ಹೇಳಿ ಕಳುಹಿಸಿದ್ದ. ಪೇಟೆಗೆ ಸಾಗಿಸಲು ಗಾಡಿಯ ಬಾಡಿಗೆಗೆ ಕಾಸಿರಲಿಲ್ಲ. ಹಣ್ಣು ಕಪ್ಪಾಗತೊಡಗಿತ್ತು. ತಂಗಿಯ ಮದುವೆಗೆ ಗೊತ್ತುಮಾಡಿದ್ದ ದಿನ ಹತ್ತಿರ ಬರುತ್ತಿತ್ತು.

ಚಿಕ್ಕಪ್ಪನನ್ನು ಕರೆದುಕೊಂಡು ಪೇಟೆಯ ಕಚೇರಿಗೆ ಹೋದೆ. ಯಾವ ಕಚೇರಿ, ಯಾವ ಪೇಟೆ ಎಂಬುದು ಬೇಡ. ಅಲ್ಲಿದ್ದ ಗುಮಾಸ್ತರು ಮರ್ಯಾದೆಯಿಂದಲೇ ನಡೆದುಕೊಂಡರು. ಗೋಡೆಯ ಹಲಗೆಗೆ ಅಂಟಿಸಿದ್ದ ಕಾಗದವನ್ನು ತೋರಿಸಿದರು. ಅದು ಕನ್ನಡದಲ್ಲೇ ಇತ್ತು. ‘ಸದರಿ ಅಧಿನಿಯಮದ ಪ್ರಕರಣದ ಉಪಪ್ರಕರಣದ ಮೇರೆಗೆ ಪ್ರದತ್ತವಾದ’ ಎಂದು ಆರಂಭವಾಗಿ, ಒಂದೇ ವಾಕ್ಯ ಹಾಳೆಯ ಕೆಳಗಿನವರೆಗೂ ಇಳಿದು, ಕೊನೆಗೆಲ್ಲೋ ಹುಣಸೆಹಣ್ಣು ಬರುತ್ತಿತ್ತು. ನಾನು ಮೂರು ಸಲ ಓದಿದೆ. ಚಿಕ್ಕಪ್ಪ ನನ್ನ ಮುಖವನ್ನೇ ನೋಡುತ್ತಿದ್ದವರು ಮೆಲ್ಲಗೆ ಕೇಳಿದರು: “ಏನಪ್ಪಾ, ನೀನು ಕನ್ನಡವನ್ನೇ ದೊಡ್ಡದಾಗಿ ಓದ್ತಾ ಇದ್ದೀಯಂತೆ. ಇದು ಕನ್ನಡವೇನಪ್ಪಾ?”

ಹೌದು ಎನ್ನಲೂ ಆಗಲಿಲ್ಲ, ಅಲ್ಲ ಎನ್ನಲೂ ಆಗಲಿಲ್ಲ. ಮೂಟೆಗಳು ಕೊನೆಗೆ ಪೇಟೆಗೆ ಹೋದವು. ಬಾಡಿಗೆಯನ್ನು ಸಾಲ ಮಾಡಿ ಕೊಟ್ಟದ್ದಾಯಿತು. ಹರಾಜಿನಲ್ಲಿ ಬಂದ ಬೆಲೆ ಮನೆಬಾಗಿಲ ಬೆಲೆಗಿಂತ ಮೇಲೆಯೇ ಇತ್ತು ಎಂಬುದನ್ನೂ ಪ್ರಾಮಾಣಿಕವಾಗಿ ಹೇಳಬೇಕು. ಮೂರು ತಿಂಗಳ ಮೊದಲು ಯಾರಾದರೂ ಊರಿಗೆ ಬಂದು, ನಮ್ಮ ಮಾತಿನಲ್ಲಿ ಹೇಳಿದ್ದರೆ ಚಿಕ್ಕಪ್ಪನೇ ಆ ಕಟ್ಟಳೆಯನ್ನು ಹೊಗಳುತ್ತಿದ್ದರೋ ಏನೋ. ಹಾಗೆ ಹೇಳದ್ದರಿಂದ ಕಪ್ಪಾದ ಹಣ್ಣಿನ ನಷ್ಟ ಅವರದ್ದಾಯಿತು. ಮದುವೆ ಮುಂದಿನ ವರ್ಷಕ್ಕೆ ಹೋಯಿತು.

ಶುಲ್ಕದ ವಿಷಯಕ್ಕೆ ಬಂದರೂ ಇದೇ ಬದುವಿನ ಪ್ರಶ್ನೆ. ಹಳೆಯ ಮುಂಬಯಿ ಕಾಯಿದೆಯಲ್ಲಿ ಮಾರುಕಟ್ಟೆ ಸಮಿತಿಯು ಶುಲ್ಕ ಎತ್ತಬಹುದು, ಆದರೆ ಸರ್ಕಾರ ನಿಯಮದಲ್ಲಿ ಗೊತ್ತುಮಾಡಿದ ಗರಿಷ್ಠ ಮಿತಿಯೊಳಗೆ ಎಂದಿತ್ತು. ಸರ್ಕಾರ ನಿಯಮ ಮಾಡಿತು, ಗರಿಷ್ಠ ಮಿತಿಯನ್ನೇ ಹೇಳಲಿಲ್ಲ. 1961ರಲ್ಲಿ ಸರ್ವೋಚ್ಚ ನ್ಯಾಯಾಲಯ, ಬೆಳೆಗಳ ಪಟ್ಟಿಯನ್ನು ಹೆಚ್ಚುಕಡಿಮೆ ಮಾಡುವ ಅಧಿಕಾರವನ್ನು ಸರ್ಕಾರಕ್ಕೆ ಬಿಟ್ಟದ್ದು ಸರಿಯೆಂದೇ ಒಪ್ಪಿತು. ಕಾಯಿದೆಯಲ್ಲೇ ಅದಕ್ಕೆ ದಾರಿ ತೋರುವ ಗುರುತುಗಳಿವೆ ಎಂದಿತು. ಆದರೆ ಮಿತಿ ಗೊತ್ತುಮಾಡುವವರೆಗೂ ಒಂದು ಕಾಸನ್ನೂ ಎತ್ತುವಂತಿಲ್ಲ ಎಂದಿತು. ಸೆರಗಿನಲ್ಲಿ ಗಂಟು ಹಾಕದೆ ಕಾಸು ಕಟ್ಟಿಕೊಳ್ಳಲಾಗುವುದೇ?

ಇನ್ನೊಂದು ಪಂಜಾಬಿನದು. ಅಲ್ಲಿ ನೂರು ರೂಪಾಯಿಯ ಮಾಲಿಗೆ ಎರಡು ರೂಪಾಯಿ ಇದ್ದ ಮಾರುಕಟ್ಟೆ ಶುಲ್ಕವನ್ನು ಮೂರಕ್ಕೆ ಏರಿಸಿದರು. ಮಂಡಳಿಯ ಹಣದಲ್ಲಿ ಒಂದು ಕೋಟಿಯನ್ನು ಫರೀದ್‌ಕೋಟೆಯ ವೈದ್ಯಕೀಯ ಕಾಲೇಜಿಗೆ ದಾನ ಕೊಡಲು ನಿರ್ಣಯ ಮಾಡಿದರು. ವೈದ್ಯಕೀಯ ಕಾಲೇಜು ಬೇಡವೆನ್ನುವ ಕಟುಕ ಯಾರು? ಆದರೆ ಶುಲ್ಕ ತೆರಿಗೆಯಲ್ಲ. ತೆರಿಗೆ ಹಾಕುವುದು ಶಾಸನಸಭೆಯ ಹಕ್ಕು. ಶುಲ್ಕ ಎತ್ತುವ ಸಮಿತಿ ಮಾರುಕಟ್ಟೆಗೆ ಬಂದವನಿಗೆ ಸೇವೆ ಸಲ್ಲಿಸಿ ಅದಕ್ಕೆ ಪ್ರತಿಯಾಗಿ ಹಣ ಪಡೆಯಬೇಕು. ಎರಡು ರೂಪಾಯಿಯವರೆಗೆ ಸರಿ, ಅದರಾಚೆಯದು ಸರಿಯಲ್ಲ ಎಂದು 1979ರಲ್ಲಿ ತೀರ್ಪಾಯಿತು. ಅದೇ ನ್ಯಾಯಾಲಯ 1983ರಲ್ಲಿ ಆಂಧ್ರದ ಪ್ರಕರಣವೊಂದರಲ್ಲಿ, ಸೇವೆಗೂ ಶುಲ್ಕಕ್ಕೂ ಕಾಸಿಗೆ ಕಾಸು ಲೆಕ್ಕ ಕೂಡಬೇಕಾಗಿಲ್ಲ, ಸಾಮಾನ್ಯ ಸಂಬಂಧವಿದ್ದರೆ ಸಾಕು ಎಂದು ಹಿಡಿತವನ್ನು ಸ್ವಲ್ಪ ಸಡಿಲಿಸಿತು. ಸಡಿಲಿಸಿದ್ದು ಒಳ್ಳೆಯದಾಯಿತೆಂದು ನನಗೆ ಅನ್ನಿಸುವುದಿಲ್ಲ. ಬಲ್ಲವರು ಬೇರೆ ಹೇಳಬಹುದು.

ನಮ್ಮ ಶಾಸನಗಳನ್ನು ಓದಿದವರಿಗೆ ಸುಂಕದ ಮಾತು ಹೊಸತಲ್ಲ. ಕಲ್ಯಾಣ ಚಾಲುಕ್ಯರ ಕಾಲದ ಕಲ್ಲುಗಳಲ್ಲಿ ಹೆಜ್ಜುಂಕ, ವಡ್ಡರಾವುಳ ಎಂಬ ಸುಂಕಗಳ ಹೆಸರುಗಳು ಬರುತ್ತವೆ. ಹೇರಿಗೆ ಇಷ್ಟು ಎಲೆ, ಹೊರೆಗೆ ಇಷ್ಟು ಅಡಕೆ ಎಂದು ಅಳತೆ ಸಹಿತ ಕೊರೆದಿರುತ್ತಾರೆ. ಆ ಕಾಲವನ್ನು ನಾನು ಹೊಗಳುತ್ತಿಲ್ಲ. ಕಲ್ಲನ್ನು ಓದಬಲ್ಲವರು ಆಗಲೂ ಊರಿಗೆ ನಾಲ್ವರೇ ಇದ್ದಿರಬೇಕು. ಆದರೂ ಆ ಕಲ್ಲು ಜನ ಓಡಾಡುವ ದೇಗುಲದ ಬಳಿ ನಿಂತಿತ್ತು. ಓದಲಾರದವನಿಗೆ ಡಂಗುರವಿತ್ತು: ತಳವಾರ ತಮಟೆ ಬಾರಿಸಿ ಬೀದಿಬೀದಿಯಲ್ಲಿ ಕೂಗುತ್ತಿದ್ದದ್ದನ್ನು ನಾನೇ ಬಾಲ್ಯದಲ್ಲಿ ಕೇಳಿದ್ದೇನೆ. ಈಗ ರಾಜ್ಯಪತ್ರವನ್ನು ಕೈಯ ಫೋನಿನಲ್ಲೇ ತೆರೆದು ನೋಡಬಹುದು ಎನ್ನುತ್ತಾರೆ. ಈ ವಾಕ್ಯವೂ ‘ಬಹುದು’ ಎಂದೇ ಮುಗಿಯುತ್ತದೆ ಎಂಬುದನ್ನು ಗಮನಿಸಿ. ನಮ್ಮ 1966ರ ಕಾಯಿದೆಯೂ ಮೊದಲು ಉದ್ದೇಶವನ್ನು ಸಾರಿ, ಆಕ್ಷೇಪಣೆ ಕೇಳಿ, ಆಮೇಲೆ ಘೋಷಿಸುವ ಕ್ರಮವನ್ನೇ ಇಟ್ಟುಕೊಂಡಿದೆ. ನೋಡುವ ಹೊಣೆ ರೈತನದ್ದೋ, ತೋರಿಸುವ ಹೊಣೆ ಸರ್ಕಾರದ್ದೋ ಎಂಬುದರ ಮೇಲೆ ಆ ಕ್ರಮದ ಜೀವ ನಿಂತಿದೆ.

ಉಪವಿಧಿಗಳ ಪುಸ್ತಿಕೆಯ ಗತಿ ಏನಾಯಿತೆಂದು ಹೇಳಿ ಮುಗಿಸುತ್ತೇನೆ. ಆ ಸಂಜೆ ಶಿರಸ್ತೇದಾರರು ಜೇಬಿನಿಂದ ನೀಲಿ ಶಾಯಿಯ ಪೆನ್ನು ತೆಗೆದು ನನ್ನ ಕೈಗೇ ಕೊಟ್ಟರು. ನಾನು ಹೊಡೆದುಹಾಕಿದ್ದ ‘ತಕ್ಕದ್ದು’ಗಳನ್ನು ಒಂದೊಂದಾಗಿ ನಾನೇ ಮತ್ತೆ ಬರೆದೆ. ಅವರು ಎಣಿಸುತ್ತ ಕುಳಿತಿದ್ದರು. ಹನ್ನೊಂದಾದ ಮೇಲೆ ತಡೆದು, ಉದ್ದನೆಯ ಒಂದು ವಾಕ್ಯವನ್ನು ತೋರಿಸಿ, “ಇದನ್ನು ಮಾತ್ರ ಒಡೆದು ಮೂರು ಮಾಡಿ ಮೇಷ್ಟ್ರೇ. ನಿಮ್ಮ ಕೆಲಸ ಇರೋದು ಇಲ್ಲಿ” ಎಂದರು. ಒಡೆದೆ. ಮೂರರ ಕೊನೆಯಲ್ಲೂ ‘ತಕ್ಕದ್ದು’ ಬಂತು, ಒಟ್ಟು ಹದಿನಾರಾಯಿತು. ಪುಸ್ತಿಕೆಯ ಒಂದು ಪ್ರತಿ ಇಂದಿಗೂ ನನ್ನ ಕಪಾಟಿನಲ್ಲಿದೆ. ಗಟ್ಟಿಯಾಗಿ ಓದಿದರೆ ಕಿವಿಗೆ ಈಗಲೂ ಒರಟೇ.